ಮುಸ್ತಫಾ ಯಾವ ಫೋಲ್ಡರ್‌ನಲ್ಲಿದ್ದಾನೆ?

ತೊಂಬತ್ತರ ದಶಕದಲ್ಲಿ ಟಿವಿ ಗೇಮ್ ಆಡಿದವರಿಗೆ ಆ ಹಳದಿ ಕ್ಯಾಸೆಟ್ ನೆನಪಿದ್ದೇ ಇರುತ್ತದೆ. ಮೇಲೆ ದಪ್ಪಕ್ಷರದಲ್ಲಿ ‘9999 ಇನ್ 1’ ಎಂದಿರುತ್ತಿತ್ತು. ಒಳಗೆ ಇದ್ದದ್ದು ಎಣಿಸಿದರೆ ಒಂದಿಪ್ಪತ್ತು ಆಟ. ಅದೇ ಮಾರಿಯೋ ಹತ್ತು ಬೇರೆ ಹೆಸರಲ್ಲಿ ಬರುತ್ತಿದ್ದ. ಅದೇ ಕಾಂಟ್ರಾ ಒಂದು ನಂಬರಿನಲ್ಲಿ ಮೊದಲ ಹಂತದಿಂದ, ಇನ್ನೊಂದರಲ್ಲಿ ಮೂರನೇ ಹಂತದಿಂದ ಶುರುವಾಗುತ್ತಿತ್ತು. ನಮಗೆ ಬೇಕಾದದ್ದು ಎಷ್ಟನೇ ನಂಬರಿನಲ್ಲಿದೆ ಎಂದು ನೋಟ್‌ಬುಕ್ಕಿನ ಕೊನೇ ಹಾಳೆಯಲ್ಲಿ ಬರೆದಿಟ್ಟುಕೊಳ್ಳುತ್ತಿದ್ದೆವು.

ಇಷ್ಟು ವರ್ಷದ ಮೇಲೆ ಅದೇ ಕ್ಯಾಸೆಟ್ಟನ್ನು ನಾನೇ ನನ್ನ ಕಂಪ್ಯೂಟರಿನಲ್ಲಿ ಮಾಡಿಟ್ಟುಕೊಂಡಿದ್ದೆ. ಪರಿಚಯದವರೊಬ್ಬರು ಕೊಟ್ಟ ಹಾರ್ಡ್‌ಡಿಸ್ಕ್ ತುಂಬ ಸಾವಿರಾರು ಆಟ. ಖುಷಿಯಿಂದ ಮೊದಲು ಹುಡುಕಿದ್ದು ‘ಮುಸ್ತಫಾ’ನನ್ನು. ಸಿಗಲಿಲ್ಲ. ವಿಡಿಯೋ ಗೇಮ್ ಅಂಗಡಿಯಲ್ಲಿ ಕಾಯಿನ್ ಹಾಕಿ ಆಡಿದವರೆಲ್ಲ ‘ಮುಸ್ತಫಾ’ ಎಂದೇ ಕರೆಯುತ್ತಿದ್ದ ಆ ಆಟದ ನಿಜವಾದ ಹೆಸರು ‘ಕ್ಯಾಡಿಲಾಕ್ಸ್ ಅಂಡ್ ಡೈನೋಸಾರ್ಸ್’. ಕ್ಯಾಪ್‌ಕಾಮ್ ಕಂಪನಿ 1993ರಲ್ಲಿ ತಂದದ್ದು. ಮುಸ್ತಫಾ ಅದರ ನಾಲ್ವರು ವೀರರಲ್ಲಿ ಒಬ್ಬ ಮಾತ್ರ. ಕಂಪ್ಯೂಟರಿನಲ್ಲಿ ಆ ಫೈಲಿನ ಹೆಸರೋ, ಬರೀ ‘ಡಿನೋ’. ಒಂದೇ ಆಟಕ್ಕೆ ಮೂರು ಹೆಸರು. ಹಳೆಯ ಆಟಗಳನ್ನು ಜೋಡಿಸಿಡುವ ಕೆಲಸದಲ್ಲಿ ಮುಕ್ಕಾಲು ಪಾಲು ತಲೆನೋವು ಇದೇ: ಹೆಸರು.

ಈ ಲೇಖನದಲ್ಲಿ ನಾನು ಹೇಳಹೊರಟಿರುವುದು ‘ಇಎಸ್-ಡಿಇ’ ಎಂಬ ಫ್ರಂಟ್‌ಎಂಡ್‌ನಲ್ಲಿ ಆಟ ಸೇರಿಸುವ ಬಗೆ. ಪೂರ್ತಿ ಹೆಸರು ಎಮ್ಯುಲೇಶನ್‌ಸ್ಟೇಷನ್ ಡೆಸ್ಕ್‌ಟಾಪ್ ಎಡಿಷನ್. ವಿಂಡೋಸ್, ಲಿನಕ್ಸ್, ಮ್ಯಾಕ್‌ಗಳಿಗೆ ಉಚಿತ, ಆಂಡ್ರಾಯ್ಡ್ ಆವೃತ್ತಿಗೆ ಮಾತ್ರ ದುಡ್ಡು ಕೊಡಬೇಕು. ಇಂಥವು ಬೇರೆಯೂ ಇವೆ. ವಿಂಡೋಸ್‌ನಲ್ಲಿ ಮೌಸ್ ಹಿಡಿದೇ ಎಲ್ಲ ಮಾಡುವವರಿಗೆ ಲಾಂಚ್‌ಬಾಕ್ಸ್ ಹಿಡಿಸಬಹುದು. ರಾಸ್ಪ್‌ಬೆರಿ ಪೈ ಇಟ್ಟುಕೊಂಡವರು ರೆಟ್ರೋಪೈ ಬಳಸುತ್ತಾರೆ. ಯಾವುದನ್ನೇ ಹಿಡಿಯಿರಿ, ಒಳಗಿನ ತರ್ಕ ಹೆಚ್ಚುಕಡಿಮೆ ಒಂದೇ.

ಆ ತರ್ಕ ಹೀಗೆ. ಹೋಟೆಲಿಗೆ ಹೋದಾಗ ಮುಂದೆ ಬಂದು ನಿಲ್ಲುವವನು ಸಪ್ಲೈಯರ್. ಏನೇನಿದೆ ಎಂದು ಒಪ್ಪಿಸುವವನು, ಹೇಳಿದ್ದನ್ನು ತಂದಿಡುವವನು ಅವನೇ. ಆದರೆ ದೋಸೆ ಹುಯ್ಯುವವನು ಅವನಲ್ಲ, ಒಳಗಿರುವ ಭಟ್ಟರು. ಹಿಟ್ಟಂತೂ ಇಬ್ಬರದೂ ಅಲ್ಲ, ಉಗ್ರಾಣದಿಂದ ಬರಬೇಕು. ಫ್ರಂಟ್‌ಎಂಡ್ ಸಪ್ಲೈಯರ್. ಹಳೆಯ ಯಂತ್ರವನ್ನು ಅನುಕರಿಸಿ ಆಟ ಓಡಿಸುವ ಎಮ್ಯುಲೇಟರ್ ಭಟ್ಟರು. ರೋಮ್ ಎಂದು ಕರೆಯುವ ಆಟದ ಫೈಲು ಹಿಟ್ಟು. ‘ಇಎಸ್-ಡಿಇ ಹಾಕಿಕೊಂಡೆ, ಒಂದು ಆಟವೂ ಇಲ್ಲ’ ಎಂದು ದೂರುವವರು ಬರೀ ಸಪ್ಲೈಯರನ್ನು ಕೆಲಸಕ್ಕಿಟ್ಟುಕೊಂಡಿದ್ದಾರೆ ಎಂದರ್ಥ.

ಹಿಟ್ಟು ಎಲ್ಲಿಂದ ತರಬೇಕು ಎಂಬ ಪ್ರಶ್ನೆಯನ್ನು ಮೊದಲೇ ಮುಗಿಸಿಬಿಡೋಣ. ಎಮ್ಯುಲೇಟರ್ ಬರೆಯುವುದೂ ಬಳಸುವುದೂ ತಪ್ಪಲ್ಲ. ಸೋನಿ ಕಂಪನಿ ಕನೆಕ್ಟಿಕ್ಸ್ ಎಂಬ ಕಂಪನಿಯ ಮೇಲೆ ಹಾಕಿದ್ದ ಮೊಕದ್ದಮೆಯಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯ 2000ದಲ್ಲೇ ಎಮ್ಯುಲೇಟರ್ ಮಾಡಿದವರ ಪರ ತೀರ್ಪು ಕೊಟ್ಟಿದೆ. ಆಟದ ಫೈಲಿನ ಮಾತು ಬೇರೆ. ಆಟ ಎಷ್ಟೇ ಹಳೆಯದಾದರೂ ಅದಕ್ಕೆ ಹಕ್ಕುದಾರರಿದ್ದಾರೆ. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್, ನ್ಯಾಯವಾಗಿ ಕೈಯಲ್ಲಿರುವ ಕಂಪ್ಯೂಟರ್ ಪ್ರೋಗ್ರಾಮಿಗೆ, ಅದು ಕೆಟ್ಟರೆ ಕಳೆದರೆ ಇರಲಿ ಎಂದು, ಬ್ಯಾಕಪ್ ಪ್ರತಿ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಕಂಡಲ್ಲಿಂದ ಇಳಿಸಿಕೊಳ್ಳುವುದಕ್ಕೆ ಅದು ಪರವಾನಗಿ ಅಲ್ಲ. ಹಾಗಾಗಿ ನಿಮ್ಮಲ್ಲಿ ಪ್ಲೇಸ್ಟೇಷನ್ ಸಿಡಿಗಳಿದ್ದರೆ ಕಂಪ್ಯೂಟರಿನ ಡಿವಿಡಿ ಡ್ರೈವ್‌ನಲ್ಲೇ ಇಮ್ಗ್‌ಬರ್ನ್‌ನಂಥ ಪ್ರೋಗ್ರಾಮಿನಿಂದ ಪ್ರತಿ ತೆಗೆಯಬಹುದು. ಗೇಮ್ ಬಾಯ್ ಕ್ಯಾಸೆಟ್ ಓದಲು ಜಿಬಿ ಆಪರೇಟರ್ ಎಂಬ ಪುಟ್ಟ ಯುಎಸ್‌ಬಿ ಸಾಧನವಿದೆ.

ಇದ್ಯಾವುದೂ ಇಲ್ಲದವರು ಹೊಸದಾಗಿ ಬರೆದ ಹಳೆಯ ಆಟಗಳತ್ತ ನೋಡಬಹುದು. ‘ಮೈಕ್ರೋ ಮೇಜಸ್’ ಬಂದದ್ದು 2019ರಲ್ಲಿ, ಆದರೆ ಓಡುವುದು ಎಂಬತ್ತರ ದಶಕದ ನಿಂಟೆಂಡೋ ಯಂತ್ರದ ಮೇಲೆ. ಅದರ ಗಾತ್ರ 40 ಕೆಬಿ, 1985ರ ಸೂಪರ್ ಮಾರಿಯೋ ಬ್ರದರ್ಸ್ ಇದ್ದಷ್ಟೇ. ಗೇಮ್ ಬಾಯ್‌ಗೆ ಬರೆದ ‘ಟೋಬು ಟೋಬು ಗರ್ಲ್’ ಪೂರ್ತಿ ಉಚಿತ. ಡೈಸುಕೆ ಅಮಾಯಾ ಎಂಬ ಜಪಾನೀಯರು ಐದು ವರ್ಷ ಒಬ್ಬರೇ ಕೂತು ಮಾಡಿ 2004ರಲ್ಲಿ ಉಚಿತವಾಗಿ ಹಂಚಿದ ‘ಕೇವ್ ಸ್ಟೋರಿ’, ರೆಟ್ರೋಆರ್ಚ್ ಎಂಬ ಎಮ್ಯುಲೇಟರ್ ಪ್ರೋಗ್ರಾಮಿನ ಒಳಗಿಂದಲೇ ಇಳಿಯುತ್ತದೆ. ಮೊದಲ ಪ್ರಯೋಗಕ್ಕೆ ಈ ಮೂರು ಸಾಕು. ನಮ್ಮ ಮುಸ್ತಫಾನಿಗೆ ಮಾತ್ರ ಇಂಥ ದಾರಿಯಿಲ್ಲ. ಆ ಅಂಗಡಿ ಯಂತ್ರದ ಆಟ ಮನೆಯ ಯಾವ ಯಂತ್ರಕ್ಕೂ ಅಧಿಕೃತವಾಗಿ ಬರಲೇ ಇಲ್ಲ. ಆ ಕಥೆ ಒಂದು ಕಾಮಿಕ್ಸ್‌ನಿಂದ ಪರವಾನಗಿ ಪಡೆದು ತಂದದ್ದು. ನೆನೆದರೆ ಹೊಟ್ಟೆ ಉರಿಯುತ್ತದೆ, ಇರಲಿ.

ಈಗ ಕೆಲಸಕ್ಕೆ. ಮೊದಲು ಭಟ್ಟರನ್ನು ಕರೆಯಿರಿ. ರೆಟ್ರೋಆರ್ಚ್ ಇನ್‌ಸ್ಟಾಲ್ ಮಾಡಿ. ಅದೊಂದೇ ಎಮ್ಯುಲೇಟರ್ ಅಲ್ಲ, ‘ಕೋರ್’ ಎಂದು ಕರೆಯುವ ಹತ್ತಾರು ಎಮ್ಯುಲೇಟರ್‌ಗಳನ್ನು ಒಂದೇ ಸೂರಿನಡಿ ಓಡಿಸುತ್ತದೆ. ಅದರ ಆನ್‌ಲೈನ್ ಅಪ್‌ಡೇಟರ್ ಮೆನುವಿನಲ್ಲಿ ಕೋರ್ ಡೌನ್‌ಲೋಡರ್ ಇದೆ. ಅಲ್ಲಿಂದ ನಿಮಗೆ ಬೇಕಾದವನ್ನಷ್ಟೇ ಇಳಿಸಿಕೊಳ್ಳಿ. ನಮ್ಮ ಟಿವಿ ಗೇಮ್ ಕಾಲದ ಎನ್‌ಇಎಸ್ ಆಟಗಳಿಗೆ ಮೆಸೆನ್, ಸೂಪರ್ ನಿಂಟೆಂಡೋಗೆ ಸ್ನೆಸ್9ಎಕ್ಸ್, ಸೆಗಾ ಆಟಗಳಿಗೆ ಜೆನೆಸಿಸ್ ಪ್ಲಸ್ ಜಿಎಕ್ಸ್, ಗೇಮ್ ಬಾಯ್ ಅಡ್ವಾನ್ಸ್‌ಗೆ ಎಂಜಿಬಿಎ, ಮೊದಲ ಪ್ಲೇಸ್ಟೇಷನ್‌ಗೆ ಬೀಟಲ್ ಪಿಎಸ್‌ಎಕ್ಸ್. ಎಲ್ಲ ಕೋರ್‌ಗಳನ್ನೂ ಇಳಿಸಿಟ್ಟುಕೊಂಡರೆ ಏನು ನಷ್ಟ ಎಂದು ಕೇಳಬಹುದು. ನಷ್ಟವಿಲ್ಲ, ಗೊಂದಲವಿದೆ. ಒಂದೇ ಯಂತ್ರಕ್ಕೆ ನಾಲ್ಕು ಕೋರ್ ಇದ್ದಾಗ ಯಾವುದರಲ್ಲಿ ಆಡಿದ್ದೆ, ಯಾವುದರಲ್ಲಿ ಸೇವ್ ಮಾಡಿದ್ದೆ ಎಂಬುದೇ ಮರೆತುಹೋಗುತ್ತದೆ.

ರೆಟ್ರೋಆರ್ಚ್‌ನಲ್ಲೇ ಒಂದು ಆಟವನ್ನು ಕೈಯಾರೆ ತೆರೆದು, ಜಾಯ್‌ಸ್ಟಿಕ್ ಕೆಲಸ ಮಾಡುತ್ತಿದೆಯೇ, ಶಬ್ದ ಬರುತ್ತಿದೆಯೇ ನೋಡಿಕೊಳ್ಳಿ. ಈ ಹೆಜ್ಜೆಯನ್ನು ಹಾರಿಸಿದವರು ಮುಂದೆ ಆಟ ಓಡದಿದ್ದಾಗ ತಪ್ಪು ಸಪ್ಲೈಯರನದೋ ಭಟ್ಟರದೋ ತಿಳಿಯದೆ ಒದ್ದಾಡುತ್ತಾರೆ.

ಆಮೇಲೆ ಇಎಸ್-ಡಿಇ. ಮೊದಲ ಸಲ ತೆರೆದಾಗ ಆಟ ಎಲ್ಲೂ ಕಾಣುತ್ತಿಲ್ಲ ಎನ್ನುತ್ತದೆ. ಆಟಗಳ ಮುಖ್ಯ ಫೋಲ್ಡರ್ ಎಲ್ಲಿರಬೇಕು ಎಂದು ತೋರಿಸಿ, ಉಳಿದ ಫೋಲ್ಡರ್‌ಗಳನ್ನು ತಾನೇ ಮಾಡಿಕೊಳ್ಳುವಂತೆ ಅಲ್ಲಿರುವ ಬಟನ್ ಒತ್ತಿ. ನೂರಕ್ಕೂ ಹೆಚ್ಚು ಫೋಲ್ಡರ್ ಹುಟ್ಟಿಕೊಳ್ಳುತ್ತವೆ, ಗಾಬರಿಯಾಗಬೇಡಿ. ಖಾಲಿ ಇರುವ ಫೋಲ್ಡರ್ ಪರದೆಯ ಮೇಲೆ ಕಾಣಿಸುವುದೇ ಇಲ್ಲ. ಪ್ರತಿ ಫೋಲ್ಡರ್ ಒಳಗೂ ‘ಸಿಸ್ಟಮ್‌ಇನ್ಫೋ’ ಎಂಬ ಪುಟ್ಟ ಪಠ್ಯ ಫೈಲು ಇರುತ್ತದೆ. ಅದು ಯಾವ ಯಂತ್ರದ ಫೋಲ್ಡರ್, ಯಾವ ಯಾವ ಬಗೆಯ ಫೈಲುಗಳನ್ನು ಒಪ್ಪುತ್ತದೆ, ಯಾವ ಎಮ್ಯುಲೇಟರನ್ನು ಹುಡುಕುತ್ತದೆ ಎಲ್ಲ ಅದರಲ್ಲಿ ಬರೆದಿದೆ. ಬಹಳ ಜನ ಅದನ್ನು ತೆರೆದೂ ನೋಡುವುದಿಲ್ಲ. ‘ಫೈಲು ಹಾಕಿದೆ, ಪಟ್ಟಿಯಲ್ಲಿ ಬರುತ್ತಿಲ್ಲ’ ಎಂಬ ದೂರಿಗೆ ಹತ್ತರಲ್ಲಿ ಒಂಬತ್ತು ಸಲ ಉತ್ತರ ಆ ಫೈಲಿನಲ್ಲೇ ಇರುತ್ತದೆ.

ಇಲ್ಲಿಯೂ ಹೆಸರಿನ ಕಾಟ ಬಿಟ್ಟಿಲ್ಲ. ಸೆಗಾ ಕಂಪನಿಯ ಒಂದೇ ಯಂತ್ರ 1988ರಲ್ಲಿ ಜಪಾನಿನಲ್ಲಿ ಮೆಗಾ ಡ್ರೈವ್ ಎಂಬ ಹೆಸರಿನಿಂದ, ಮರುವರ್ಷ ಅಮೆರಿಕದಲ್ಲಿ ಜೆನೆಸಿಸ್ ಎಂಬ ಹೆಸರಿನಿಂದ ಬಂತು. ಇಎಸ್-ಡಿಇಯಲ್ಲಿ ಎರಡಕ್ಕೂ ಬೇರೆ ಬೇರೆ ಫೋಲ್ಡರ್. ಹಾಗೆಯೇ ನಿಂಟೆಂಡೋದ ಜಪಾನಿ ಯಂತ್ರ ಫ್ಯಾಮಿಕಾಮ್‌ಗೆ ಒಂದು, ಅದೇ ಯಂತ್ರದ ಅಮೆರಿಕದ ಅವತಾರ ಎನ್‌ಇಎಸ್‌ಗೆ ಇನ್ನೊಂದು. ಎರಡನ್ನೂ ತುಂಬಬೇಕಾಗಿಲ್ಲ. ಒಂದನ್ನು ಆರಿಸಿಕೊಂಡು ಕೊನೆತನಕ ಅದಕ್ಕೇ ಅಂಟಿಕೊಳ್ಳಿ. ನಾನು ಅರ್ಧ ಸೋನಿಕ್ ಆಟಗಳನ್ನು ಅಲ್ಲಿ, ಅರ್ಧವನ್ನು ಇಲ್ಲಿ ಇಟ್ಟು ‘ಸೋನಿಕ್ 2 ಕಳೆದುಹೋಯಿತು’ ಎಂದು ಒಂದು ಸಂಜೆ ಪೂರ್ತಿ ಹುಡುಕಿದ್ದೇನೆ.

ಫೋಲ್ಡರ್‌ಗೆ ಫೈಲು ಸುರಿಯುವ ಮೊದಲು ಸ್ವಲ್ಪ ನಿಲ್ಲಿ. ಇಡೀ ಲೇಖನದಲ್ಲಿ ನೀವು ನೆನಪಿಡಬೇಕಾದ ಜಾಗ ಇದು.

ಕ್ಯಾಸೆಟ್ ಆಟಗಳ ಫೈಲುಗಳನ್ನು ಒಂದೊಂದಾಗಿ ಪರೀಕ್ಷಿಸಿ ಸರಿಯಾದ ಹೆಸರಿನೊಂದಿಗೆ ಪಟ್ಟಿ ಮಾಡುವ ‘ನೋ-ಇಂಟ್ರೋ’ ಎಂಬ ಹವ್ಯಾಸಿಗಳ ಬಳಗವಿದೆ. ಸಿಡಿ, ಡಿವಿಡಿ ಆಟಗಳಿಗೆ ‘ರೀಡಂಪ್’. ಅವರ ಪದ್ಧತಿಯಲ್ಲಿ ಆಟದ ಹೆಸರಾದ ಮೇಲೆ ಆವರಣದಲ್ಲಿ ದೇಶ ಬರುತ್ತದೆ: ಯುಎಸ್‌ಎ, ಯುರೋಪ್, ಜಪಾನ್. ಆಮೇಲೆ ತಿದ್ದಿದ ಆವೃತ್ತಿಯಾದರೆ ‘ರೆವ್ 1’ ಎಂಬಂಥ ಗುರುತು. ನಿಮ್ಮ ಫೈಲುಗಳಿಗೂ ಇದೇ ರೀತಿ ಹೆಸರಿಡಿ. ಮುಂದೆ ಚಿತ್ರ, ವಿವರ ತರಿಸುವಾಗ ಇದರ ಫಲ ಕಾಣುತ್ತದೆ. ಫೈಲು ಹೆಚ್ಚಿದ್ದರೆ ಈ ಪಟ್ಟಿಗಳನ್ನು ಇಟ್ಟುಕೊಂಡು ಹೆಸರು ತಿದ್ದಿಕೊಡುವ ರೋಮ್‌ವಾಲ್ಟ್‌ನಂಥ ಪ್ರೋಗ್ರಾಮ್‌ಗಳಿವೆ. ಇಪ್ಪತ್ತು ಮೂವತ್ತು ಆಟವಾದರೆ ಕೈಯಲ್ಲೇ ಮಾಡಿ, ಬೇಗ ಮುಗಿಯುತ್ತದೆ.

ಒಂದೇ ಆಟ ಮೂರು ದೇಶದ್ದು ಇದ್ದರೆ ಒಂದನ್ನೇ ಉಳಿಸಿಕೊಳ್ಳಿ. ನನ್ನ ಓಟು ಅಮೆರಿಕದ ಆವೃತ್ತಿಗೆ. ಯುರೋಪಿನ ಟಿವಿಗಳು ಸೆಕೆಂಡಿಗೆ 50 ಸಲ ಚಿತ್ರ ಬದಲಿಸುತ್ತಿದ್ದವು, ಅಮೆರಿಕ-ಜಪಾನಿನವು 60 ಸಲ. ಹೀಗಾಗಿ ಅಂದಿನ ಎಷ್ಟೋ ಆಟಗಳು ಯುರೋಪಿನಲ್ಲಿ ನಿಧಾನವಾಗಿ ಓಡುತ್ತಿದ್ದವು, ಹಾಡು ಕೂಡ ಎಳೆದಂತೆ ಕೇಳುತ್ತಿತ್ತು. ಇನ್ನೊಂದು ಕಾರಣವೂ ಉಂಟು. ಕಾಂಟ್ರಾ ಯುರೋಪಿನ ಎನ್‌ಇಎಸ್‌ಗೆ ಬಂದಾಗ ಹೆಸರು ‘ಪ್ರೊಬೊಟೆಕ್ಟರ್’ ಆಯಿತು, ಬಂದೂಕು ಹಿಡಿದ ಇಬ್ಬರು ಸೈನಿಕರ ಜಾಗದಲ್ಲಿ ರೋಬೋಗಳು ಬಂದವು. ನಾವು ಆಡಿದ ಕಾಂಟ್ರಾ ಅದಲ್ಲ.

ಹೆಸರು ಮೊದಲೇ ಸರಿಮಾಡಿಕೊಳ್ಳಿ ಎಂದು ಇಷ್ಟು ಒತ್ತಿ ಹೇಳುವುದೇಕೆಂದರೆ, ಫ್ರಂಟ್‌ಎಂಡ್ ಆಟವನ್ನು ಗುರುತಿಟ್ಟುಕೊಳ್ಳುವುದು ಫೈಲಿನ ಹೆಸರಿನಿಂದಲೇ. ತರಿಸಿದ ವಿವರಗಳೆಲ್ಲ ‘ಗೇಮ್‌ಲಿಸ್ಟ್’ ಎಂಬ ಒಂದು ಫೈಲಿನಲ್ಲಿ ಕೂರುತ್ತವೆ, ರೋಮ್ ಫೈಲಿನ ಹೆಸರಿನ ಎದುರು. ಚಿತ್ರಗಳೂ ಅದೇ ಹೆಸರು ಹೊತ್ತಿರುತ್ತವೆ. ಎಲ್ಲ ಮುಗಿದ ಮೇಲೆ ಫೈಲಿನ ಹೆಸರು ಬದಲಿಸಿದಿರೋ, ಅದು ತಂದೆ ಹೆಸರು ಬದಲಿಸಿಕೊಂಡು ಬಂದ ಮಗನಂತೆ. ರೇಷನ್ ಕಾರ್ಡಿನಲ್ಲಿ ಜಾಗವಿಲ್ಲ. ಚಿತ್ರ ಹೋಯಿತು, ವಿವರ ಹೋಯಿತು, ಎಷ್ಟು ಸಲ ಆಡಿದ್ದಿರಿ ಎಂಬ ಲೆಕ್ಕವೂ ಹೋಯಿತು.

ಇನ್ನೂ ದುಬಾರಿಯಾದದ್ದು ಆಟದೊಳಗಿನ ಸೇವ್. ರೆಟ್ರೋಆರ್ಚ್ ಕೂಡ ಸೇವ್ ಫೈಲನ್ನು ರೋಮ್‌ನ ಹೆಸರಿನಲ್ಲೇ ಇಡುತ್ತದೆ. ಅಚ್ಚುಕಟ್ಟು ಮಾಡುತ್ತೇನೆಂದು ಹೊರಟು ಒಂದು ಪೋಕೆಮಾನ್ ಫೈಲಿನ ಹೆಸರು ತಿದ್ದಿದೆ. ಮರುದಿನ ಮಗಳು ತೆರೆದರೆ ಆಟ ಮೊದಲಿನಿಂದ ಶುರುವಾಯಿತು. ಎರಡು ತಿಂಗಳ ರಜೆಯ ದುಡಿಮೆ ನೀರುಪಾಲು ಎಂದು ಅವಳು ಅತ್ತದ್ದೇ ಅತ್ತದ್ದು. ಫೈಲು ಎಲ್ಲೂ ಹೋಗಿರಲಿಲ್ಲ, ಸೇವ್ಸ್ ಫೋಲ್ಡರಿನಲ್ಲಿ ಹಳೆಯ ಹೆಸರಿನಲ್ಲೇ ಕೂತಿತ್ತು. ಅದಕ್ಕೂ ಹೊಸ ಹೆಸರು ಕೊಟ್ಟೊಡನೆ ಎಲ್ಲ ಮರಳಿ ಬಂತು. ನಿಮ್ಮ ಮನೆಯಲ್ಲಿ ಹೀಗಾದರೆ ಬೈಸಿಕೊಳ್ಳುವ ಮೊದಲು ಅಲ್ಲಿ ನೋಡಿ.

ಅಂಗಡಿ ಯಂತ್ರದ ಆಟಗಳಿಗೆ ಮಾತ್ರ ಮೇಲೆ ಹೇಳಿದ ನಿಯಮ ತಲೆಕೆಳಗು. ಅವುಗಳ ಎಮ್ಯುಲೇಟರ್ ‘ಮೇಮ್’ ಎಂಬುದು. ನಿಕೋಲಾ ಸಾಲ್ಮೊರಿಯಾ ಎಂಬ ಇಟಲಿಯವರು 1997ರಲ್ಲಿ ಶುರು ಮಾಡಿದ್ದು. ಅದಕ್ಕೆ ಆಟವೆಂದರೆ ಒಂದು ಬೋರ್ಡಿನ ಮೇಲಿದ್ದ ಹತ್ತಾರು ಚಿಪ್‌ಗಳು, ಒಂದೊಂದು ಚಿಪ್ಪಿಗೆ ಒಂದೊಂದು ಫೈಲು, ಎಲ್ಲವೂ ಸೇರಿ ಒಂದು ಜಿಪ್. ಆ ಜಿಪ್‌ನ ಗಿಡ್ಡ ಹೆಸರನ್ನು ಮುಟ್ಟಲೇಬಾರದು. ಮುಸ್ತಫಾ ‘ಡಿನೋ’, ಸ್ಟ್ರೀಟ್ ಫೈಟರ್ 2 ‘ಎಸ್‌ಎಫ್2’, ಮೆಟಲ್ ಸ್ಲಗ್ ‘ಎಂಸ್ಲಗ್’. ಚೆನ್ನಾಗಿ ಕಾಣಲಿ ಎಂದು ‘ಮುಸ್ತಫಾ’ ಎಂದು ಹೆಸರಿಟ್ಟರೆ ಮೇಮ್‌ಗೆ ಅವನ ಗುರುತೇ ಸಿಗುವುದಿಲ್ಲ. ಜಿಪ್ ಬಿಚ್ಚುವುದೂ ಬೇಡ. ಶುರುವಿನಲ್ಲಿ ನಾನು ಒಂದಿಡೀ ಫೋಲ್ಡರನ್ನು ಬಿಚ್ಚಿ ಹರಡಿ, ಯಾವ ಚಿಪ್ ಯಾವ ಆಟದ್ದು ಎಂದು ತಿಳಿಯದೆ ಎಲ್ಲವನ್ನೂ ಅಳಿಸಬೇಕಾಯಿತು.

ಅಲ್ಲಿ ಇನ್ನೂ ಎರಡು ಗಂಟುಗಳಿವೆ. ಮೇಮ್‌ನ ಹೊಸ ಆವೃತ್ತಿ ಬಂದಂತೆ ಕೆಲವು ಜಿಪ್‌ಗಳಲ್ಲಿ ಇರಬೇಕಾದ ಫೈಲುಗಳು ಬದಲಾಗುತ್ತವೆ. ಹಾಗಾಗಿ ಆಟದ ಜಿಪ್ ಯಾವ ಆವೃತ್ತಿಗೆ ಹೊಂದಿಸಿದ್ದೋ ಅದೇ ಆವೃತ್ತಿಯ ಎಮ್ಯುಲೇಟರ್ ಬೇಕು. ಉದಾಹರಣೆಗೆ ರೆಟ್ರೋಆರ್ಚ್‌ನ ‘ಮೇಮ್ 2003’ ಕೋರ್ ಕೇಳುವುದು 0.78 ಆವೃತ್ತಿಯ ಜಿಪ್‌ಗಳನ್ನು. ಎರಡನೆಯದು, ಕೆಲವು ಆಟ ಒಂಟಿಯಾಗಿ ಓಡುವುದಿಲ್ಲ. ಮೆಟಲ್ ಸ್ಲಗ್‌ಗೆ ಪಕ್ಕದಲ್ಲಿ ‘ನಿಯೋಜಿಯೋ’ ಎಂಬ ಜಿಪ್ ಇರಲೇಬೇಕು, ಅದು ಆ ಆಟ ಓಡುತ್ತಿದ್ದ ಅದೇ ಹೆಸರಿನ ಯಂತ್ರದ ಬಯೋಸ್, ಎಂದರೆ ಯಂತ್ರವನ್ನು ಶುರು ಮಾಡುವ ಪ್ರೋಗ್ರಾಮು. ಆ ಜಿಪ್ ಆಟವಲ್ಲ ಎಂದು ಅಳಿಸಿದರೆ ಆ ಯಂತ್ರದ ಆಟಗಳೆಲ್ಲ ಒಟ್ಟಿಗೆ ಮಲಗುತ್ತವೆ.

ಹಾಗಾದರೆ ಮುಸ್ತಫಾನನ್ನು ಮುಸ್ತಫಾ ಎಂದು ಕರೆಯುವುದು ಹೇಗೆ? ಫೈಲು ಮುಟ್ಟದೆ, ಪರದೆಯ ಮೇಲಿನ ಹೆಸರನ್ನು ಬದಲಿಸಬಹುದು. ಇಎಸ್-ಡಿಇಯಲ್ಲಿ ಆಟದ ಮೇಲೆ ನಿಂತು ಸೆಲೆಕ್ಟ್ ಬಟನ್ ಒತ್ತಿದರೆ ಬರುವ ಮೆನುವಿನ ಕೆಳಗೆ ಆ ಆಟದ ಮೆಟಾಡೇಟಾ ತಿದ್ದುವ ಸಾಲು ಇದೆ. ಅಲ್ಲಿ ಹೆಸರು, ವಿವರ, ಇಸವಿ ಎಲ್ಲವನ್ನೂ ನಿಮಗೆ ಬೇಕಾದಂತೆ ಬರೆಯಬಹುದು. ‘ಸಾರ್ಟ್‌ನೇಮ್’ ಎಂಬ ಇನ್ನೊಂದು ಖಾನೆ ಬಹಳ ಉಪಯೋಗದ್ದು. ತೋರುವ ಹೆಸರು ಒಂದಿರಲಿ, ಸಾಲಿನಲ್ಲಿ ನಿಲ್ಲುವ ಹೆಸರು ಬೇರೆ ಕೊಡಬಹುದು. ಫೈನಲ್ ಫ್ಯಾಂಟಸಿಯಂಥ ಸರಣಿಗಳಲ್ಲಿ ರೋಮನ್ ಅಂಕಿಗಳಿಂದಾಗಿ ಒಂಬತ್ತನೆಯದು ಐದರ ಮುಂದೆ ಬಂದು ಕೂರುತ್ತದೆ. ಸಾರ್ಟ್‌ನೇಮ್‌ನಲ್ಲಿ 05, 09 ಎಂದು ಬರೆದರೆ ಎಲ್ಲ ತಮ್ಮ ತಮ್ಮ ಜಾಗಕ್ಕೆ ಹೋಗುತ್ತವೆ.

ಸಿಡಿ ಆಟಗಳು ಇನ್ನೊಂದು ಬಗೆಯ ಪರದಾಟ. ಪ್ಲೇಸ್ಟೇಷನ್ ಸಿಡಿಯ ಪ್ರತಿ ತೆಗೆದಾಗ ‘ಬಿನ್’ ಮತ್ತು ‘ಕ್ಯೂ’ ಎಂಬ ಜೋಡಿ ಫೈಲು ಸಿಗುತ್ತದೆ. ಬಿನ್‌ನಲ್ಲಿ ಸರಕು, ಕ್ಯೂನಲ್ಲಿ ಅದರ ವಿಳಾಸ. ಪಟ್ಟಿಯಲ್ಲಿ ಎರಡೂ ಕಾಣಿಸಿ ಒಂದೇ ಆಟ ಎರಡು ಸಲ ಬಂದಂತಾಗುತ್ತದೆ. ಸಿಡಿಯಲ್ಲಿ ಹಾಡಿನ ಟ್ರ್ಯಾಕ್‌ಗಳಿದ್ದರೆ ಇಪ್ಪತ್ತು ಸಲವೂ ಬರಬಹುದು. ಇದಕ್ಕೆ ಮದ್ದು ಸಿಎಚ್‌ಡಿ. ಮೇಮ್ ಜೊತೆಗೇ ಬರುವ ಸಿಎಚ್‌ಡಿಮ್ಯಾನ್ ಎಂಬ ಪ್ರೋಗ್ರಾಮು ಆ ಜೋಡಿಯನ್ನು ಒಂದೇ ಫೈಲಾಗಿ ಕಟ್ಟಿ, ಗಾತ್ರವನ್ನೂ ಇಳಿಸುತ್ತದೆ. 700 ಎಂಬಿವರೆಗೆ ಬೆಳೆಯುವ ಸಿಡಿಗಳಿಗೆ ಇದು ದೊಡ್ಡ ಉಳಿತಾಯ. ಆಟವಂತೂ ಸಿಎಚ್‌ಡಿಯಿಂದ ನೇರವಾಗಿ ಓಡುತ್ತದೆ, ಬಿಚ್ಚಬೇಕಾಗಿಲ್ಲ.

1997ರ ಫೈನಲ್ ಫ್ಯಾಂಟಸಿ 7ರಂತೆ ಮೂರು ಸಿಡಿಯ ಆಟವಿದ್ದರೆ, ಮೂರೂ ಸಿಎಚ್‌ಡಿಗಳ ಹೆಸರನ್ನು ಒಂದೊಂದು ಸಾಲಿನಲ್ಲಿ ಬರೆದ ಪಠ್ಯ ಫೈಲು ಮಾಡಿ, ಅದಕ್ಕೆ ‘ಎಂ3ಯು’ ಎಂಬ ಬಾಲ ಹಚ್ಚಿ. ಆ ಫೈಲನ್ನೂ ಮೂರು ಸಿಡಿಗಳನ್ನೂ ಒಂದು ಫೋಲ್ಡರಿಗೆ ಹಾಕಿ, ಫೋಲ್ಡರಿಗೂ ಎಂ3ಯು ಫೈಲಿನ ಹೆಸರನ್ನೇ ಬಾಲಸಮೇತ ಇಟ್ಟರೆ ಇಎಸ್-ಡಿಇ ಆ ಇಡೀ ಫೋಲ್ಡರನ್ನು ಒಂದೇ ಆಟವೆಂದು ತೋರಿಸುತ್ತದೆ. ಮೊದಲ ಸಿಡಿ ಮುಗಿದಾಗ ರೆಟ್ರೋಆರ್ಚ್ ಮೆನುವಿನ ಡಿಸ್ಕ್ ಕಂಟ್ರೋಲ್‌ನಲ್ಲಿ ಎರಡನೆಯದಕ್ಕೆ ಹೋಗಬಹುದು. ಪ್ಲೇಸ್ಟೇಷನ್‌ಗೆ ಬಯೋಸ್ ಫೈಲು ಕೂಡ ಬೇಕು, ರೆಟ್ರೋಆರ್ಚ್‌ನ ‘ಸಿಸ್ಟಮ್’ ಫೋಲ್ಡರಿನಲ್ಲಿ. ಸಿಕ್ಕಿದೆಯೋ ಇಲ್ಲವೋ ಎಂಬುದನ್ನು ಕೋರ್ ಇನ್ಫರ್ಮೇಷನ್ ಪುಟ ಹೇಳುತ್ತದೆ.

ಶಾಲೆಯ ಕಂಪ್ಯೂಟರ್ ಲ್ಯಾಬಿನಲ್ಲಿ ಮೇಷ್ಟ್ರ ಕಣ್ಣು ತಪ್ಪಿಸಿ ಆಡಿದ ಡೇಂಜರಸ್ ಡೇವ್, ಪ್ರಿನ್ಸ್ ಆಫ್ ಪರ್ಷಿಯಾ ಬೇಕೆನ್ನುವವರಿಗೆ ಒಂದೇ ಮಾತು: ಆಟದ ಇಡೀ ಫೋಲ್ಡರನ್ನು ಒಂದು ಜಿಪ್ ಮಾಡಿ ‘ಡಾಸ್’ ಫೋಲ್ಡರಿಗೆ ಹಾಕಿ, ಡಾಸ್‌ಬಾಕ್ಸ್ ಪ್ಯೂರ್ ಕೋರ್ ಬಳಸಿ. ಜಿಪ್ ಒಳಗಿನ ಯಾವ ಫೈಲು ಓಡಿಸಬೇಕೆಂದು ಅದೇ ಕೇಳುತ್ತದೆ.

ಈಗ ಅಲಂಕಾರ. ಆಟದ ಮುಖಚಿತ್ರ, ವಿವರಣೆ, ಇಸವಿಗಳನ್ನು ಅಂತರಜಾಲದಿಂದ ತಾನಾಗಿ ತರಿಸುವುದಕ್ಕೆ ಸ್ಕ್ರೇಪಿಂಗ್ ಎನ್ನುತ್ತಾರೆ. ಇಎಸ್-ಡಿಇ ಎರಡು ಕಡೆಯಿಂದ ತರಬಲ್ಲದು: ಫ್ರಾನ್ಸಿನವರು ನಡೆಸುವ ಸ್ಕ್ರೀನ್‌ಸ್ಕ್ರೇಪರ್ ಮತ್ತು ದಿಗೇಮ್ಸ್‌ಡಿಬಿ. ಮೊದಲನೆಯದರಲ್ಲಿ ಸಂಗ್ರಹ ದೊಡ್ಡದು, ಆದರೆ ಉಚಿತ ಖಾತೆ ತೆರೆದು ಹೆಸರು, ಪಾಸ್‌ವರ್ಡ್ ಕೊಡಿ. ದಿನಕ್ಕೆ ಇಷ್ಟು ಎಂಬ ಮಿತಿ ಇದೆ. ಒಂದು ಸಲಕ್ಕೆ ಒಂದೇ ಯಂತ್ರದ ಆಟಗಳನ್ನು ತರಿಸಿ. ವಿಡಿಯೋ ಬೇಕೇ ಎಂದು ಸೆಟ್ಟಿಂಗ್ಸ್‌ನಲ್ಲಿ ಕೇಳಿದಾಗ ಯೋಚಿಸಿ ಹೂಂ ಅನ್ನಿ. 40 ಕೆಬಿ ಮಾರಿಯೋಗೆ ಹಲವು ಎಂಬಿಯ ವಿಡಿಯೋ ಬಂದು ಕೂರುತ್ತದೆ, ಮೂಗಿಗಿಂತ ಮೂಗುತಿ ಭಾರ. ನನಗೆ ಮುಖಚಿತ್ರ ಮತ್ತು ಒಂದು ಸ್ಕ್ರೀನ್‌ಶಾಟ್ ಸಾಕಾಗಿದೆ.

ತಪ್ಪು ಚಿತ್ರ ಬಂದರೆ, ಅದೇ ಮೆಟಾಡೇಟಾ ಪುಟದಿಂದ ಆ ಒಂದು ಆಟಕ್ಕೆ ಮಾತ್ರ ಮತ್ತೆ ಹುಡುಕಿಸಿ ನೀವೇ ಸರಿಯಾದುದನ್ನು ಆರಿಸಬಹುದು. ಫೈಲಿನ ಹೆಸರು ಸರಿಯಿದ್ದವರಿಗೆ ಈ ಕೆಲಸ ಅಪರೂಪ.

ರೆಟ್ರೋಆರ್ಚ್ ಒಂದರಲ್ಲೇ ಇರುತ್ತೇನೆ, ಬೇರೆ ಫ್ರಂಟ್‌ಎಂಡ್ ಬೇಡ ಎನ್ನುವವರಿಗೂ ದಾರಿಯಿದೆ. ಅದರ ‘ಸ್ಕ್ಯಾನ್ ಡೈರೆಕ್ಟರಿ’ ಕ್ಯಾಸೆಟ್ ಆಟಗಳ ಹೆಸರು ನೋಡುವುದಿಲ್ಲ, ಫೈಲಿನ ಒಳಗಿನದರ ಮೇಲೆ ಲೆಕ್ಕ ಹಾಕಿ ತನ್ನ ಪಟ್ಟಿಗೆ ತಾಳೆ ನೋಡುತ್ತದೆ. ಒಂದು ಬೈಟ್ ಬೇರೆಯಾದರೂ ಆಟ ಪಟ್ಟಿಗೆ ಬರುವುದಿಲ್ಲ. ಹೊಸಬರು ಬರೆದ ಆಟಗಳು, ಅನುವಾದ ಹಚ್ಚಿದ ಆಟಗಳು ಹೀಗೆ ತಪ್ಪಿಸಿಕೊಳ್ಳುತ್ತವೆ. ಅವಕ್ಕೆ ‘ಮ್ಯಾನುಯಲ್ ಸ್ಕ್ಯಾನ್’ ಬಳಸಿ.

ಜೋಡಿಸುವ ಕೆಲಸದಲ್ಲಿ ನನಗೆ ಹೆಚ್ಚು ಖುಷಿ ಕೊಟ್ಟದ್ದು ಕಲೆಕ್ಷನ್‌ಗಳು. ಯಂತ್ರದ ಪ್ರಕಾರ ವಿಂಗಡಿಸುವುದು ಕಂಪ್ಯೂಟರಿಗೆ ಅನುಕೂಲ, ಮನುಷ್ಯರಿಗಲ್ಲ. ಮನೆಗೆ ನೆಂಟರ ಮಕ್ಕಳು ಬಂದಾಗ ಯಾರೂ ‘ಸೂಪರ್ ನಿಂಟೆಂಡೋ ಆಡೋಣವೇ’ ಎಂದು ಕೇಳುವುದಿಲ್ಲ, ‘ಇಬ್ಬರು ಆಡೋದು ಯಾವುದಿದೆ’ ಎಂದು ಕೇಳುತ್ತಾರೆ. ಇಎಸ್-ಡಿಇಯ ಗೇಮ್ ಕಲೆಕ್ಷನ್ ಸೆಟ್ಟಿಂಗ್ಸ್‌ನಲ್ಲಿ ಹೊಸ ಕಲೆಕ್ಷನ್‌ಗೆ ಹೆಸರು ಕೊಟ್ಟು, ಬೇಕಾದ ಆಟದ ಮೇಲೆ ನಿಂತು ವೈ ಬಟನ್ ಒತ್ತುತ್ತ ಹೋದರೆ ಅವು ಸೇರುತ್ತವೆ. ಮುಗಿದ ಮೇಲೆ ಅದೇ ಮೆನುವಿಗೆ ಹೋಗಿ ಎಡಿಟಿಂಗ್ ಮುಗಿಸುವುದನ್ನು ಮರೆಯಬೇಡಿ. ಮಾಮೂಲಿ ದಿನಗಳಲ್ಲಿ ಅದೇ ವೈ ಬಟನ್ ಆಟವನ್ನು ಫೇವರಿಟ್ಸ್‌ಗೆ ಹಾಕುತ್ತದೆ. ಕಲೆಕ್ಷನ್‌ನಲ್ಲಿ ಫೈಲು ನಕಲಾಗುವುದಿಲ್ಲ, ಇರುವ ಜಾಗದ ವಿಳಾಸ ಮಾತ್ರ ಬರೆದುಕೊಳ್ಳುತ್ತದೆ. ಹಾಗಾಗಿ ಒಂದು ಆಟ ಎಷ್ಟು ಕಲೆಕ್ಷನ್‌ನಲ್ಲಿದ್ದರೂ ಜಾಗ ಹೆಚ್ಚು ಹಿಡಿಯದು. ನನ್ನಲ್ಲಿ ಮೂರಿವೆ: ಇಬ್ಬರ ಆಟ, ಹತ್ತು ನಿಮಿಷದ ಆಟ, ರಜೆಯ ಆಟ.

ಆ ಸಾವಿರಾರು ಆಟಗಳ ಹಾರ್ಡ್‌ಡಿಸ್ಕ್ ಏನಾಯಿತು? ಅಳಿಸಿದೆ. ಅದರಲ್ಲಿ ಒಂದೇ ಆಟದ ಐದು ದೇಶಗಳ ಆವೃತ್ತಿ, ಅರ್ಧ ಓಡದ ಜಿಪ್, ಜಪಾನಿ ಭಾಷೆಯ ಕುದುರೆ ಜೂಜು. ಮುಕ್ಕಾಲು ಗಂಟೆ ಪಟ್ಟಿ ನೋಡಿ ಒಂದನ್ನೂ ಆಡದೆ ಮಲಗುತ್ತಿದ್ದೆ. ಈಗ 58 ಆಟಗಳಿವೆ, ಎಲ್ಲವೂ ಆಡಿದವು ಅಥವಾ ಆಡಲೇಬೇಕೆಂದು ಇಟ್ಟವು. ಹೊಸದೊಂದು ಸೇರಿಸುವಾಗ ಅದನ್ನು ಹತ್ತು ನಿಮಿಷ ಆಡಿ ನೋಡಿಯೇ ಮುಂದಿನದಕ್ಕೆ ಹೋಗುತ್ತೇನೆ.

ಎಲ್ಲ ಸರಿಹೋದ ದಿನವೇ ಬ್ಯಾಕಪ್ ಮಾಡಿ. ಆಟದ ಫೋಲ್ಡರ್ ಒಂದು, ಇಎಸ್-ಡಿಇ ತನ್ನ ಪಟ್ಟಿ ಮತ್ತು ಚಿತ್ರ ಇಡುವ ಫೋಲ್ಡರ್ ಎರಡು, ರೆಟ್ರೋಆರ್ಚ್‌ನ ಸೇವ್ಸ್ ಫೋಲ್ಡರ್ ಮೂರು. ಆಟದ ನಡುವೆ ಎಲ್ಲಿ ಬೇಕಾದರೂ ಉಳಿಸುವ ‘ಸೇವ್ ಸ್ಟೇಟ್’ ಅನ್ನು ಬಹಳ ನಂಬಬೇಡಿ, ಕೋರ್ ಹೊಸದಾದಾಗ ಅದು ತೆರೆಯದೇ ಹೋಗಬಹುದು. ಆಟದೊಳಗಿನ ಸೇವ್ ಹಾಗಲ್ಲ.

ಮಕ್ಕಳಿರುವ ಮನೆಯಲ್ಲಿ ಕೊನೆಗೊಂದು ಕೆಲಸ ಬಾಕಿ. ಅವರು ಆಡಬಹುದಾದ ಆಟಗಳಿಗೆ ಮೆಟಾಡೇಟಾದಲ್ಲಿ ‘ಕಿಡ್‌ಗೇಮ್’ ಎಂದು ಗುರುತು ಹಾಕಿ, ಯುಐ ಮೋಡ್ ಅನ್ನು ‘ಕಿಡ್’ಗೆ ಬದಲಿಸಿ. ಆಗ ಆ ಆಟಗಳಷ್ಟೇ ಕಾಣುತ್ತವೆ, ಸೆಟ್ಟಿಂಗ್ಸ್ ತಿದ್ದುವ ಮೆನು ಮುಚ್ಚಿಹೋಗುತ್ತದೆ. ದೊಡ್ಡವರಿಗೆ ಮತ್ತೆ ತೆರೆಯಬೇಕಾದಾಗ ಒತ್ತಬೇಕಾದ ಬಟನ್‌ಗಳ ಸಾಲು ಹೀಗಿದೆ: ಮೇಲೆ, ಮೇಲೆ, ಕೆಳಗೆ, ಕೆಳಗೆ, ಎಡ, ಬಲ, ಎಡ, ಬಲ, ಬಿ, ಎ. ಕಾಂಟ್ರಾದಲ್ಲಿ 30 ಜೀವ ಗಿಟ್ಟಿಸಿದವರ ಬೆರಳಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ. ನನ್ನ ಮಗಳಿಗೆ ಇನ್ನೂ ಹೇಳಿಲ್ಲ.